ಗಿರಿಯವ್ವ ಬಿಟ್ಟುಹೋದ ಹೊಂಡ

ದೊಣೆಹಟ್ಟಿಯ ಊರಬಾಗಿಲು ದಾಟಿ ಬಂಡೆಸಾಲಿನ ಕಡೆ ನಡೆದರೆ ನಾಲ್ಕು ದಿಕ್ಕಿಗೂ ಕಲ್ಲಿನ ಮೆಟ್ಟಿಲಿರುವ ಒಂದು ಹೊಂಡ ಸಿಗುತ್ತದೆ. ನೀರು ತಿಳಿಯಾಗಿದೆ, ಮುಳುಗಿದ ಮೆಟ್ಟಿಲುಗಳೂ ಕಾಣುತ್ತವೆ. ಇದಕ್ಕೆ ಗಿರಿಯವ್ವನ ಹೊಂಡವೆಂದು ಹೆಸರು. ನೋಡಲು ಬಂದವರು, ಯಾರೋ ಪುಣ್ಯಾತಗಿತ್ತಿ ಕಟ್ಟಿಸಿರಬೇಕು ಎಂದು ಕೈಮುಗಿಯುತ್ತಾರೆ. ಕಟ್ಟಿಸಲಿಲ್ಲ ಸ್ವಾಮಿ. ಅವಳನ್ನು ನಾವು ಓಡಿಸಿದೆವು. ನಾವು ಎಂದರೆ ನನ್ನ ಮನೆತನದವರೇ. ಇದನ್ನು ಹೇಳುವಾಗಲೆಲ್ಲ ನಾಚಿಕೆಯಿಂದ ನನಗೆ ತಲೆ ಎತ್ತಲಾಗುವುದಿಲ್ಲ.

ಹಿಂದೆ ಒಮ್ಮೆ, ಪಾಳೆಯಗಾರರ ಕಾಲದಲ್ಲಿ, ಊರೆಲ್ಲ ಕುಡಿಯುತ್ತಿದ್ದುದು ಇದೇ ನೀರು. ಆಗ ಇದನ್ನು ಹಾಲುಹೊಂಡ ಎನ್ನುತ್ತಿದ್ದರಂತೆ. ಗಿರಿಯವ್ವ ಊರಿನ ನೀರಗಂಟಿಯ ಹೆಂಡತಿ. ಗಂಡ ತೀರಿಕೊಂಡ ಮೇಲೆ ನೀರು ಕಾಯುವ ಅವನ ಕೆಲಸವನ್ನು ತಾನೇ ಮಾಡುತ್ತಿದ್ದಳು. ಬೆಳಗಾದರೆ ಸೊಂಟಮಟ್ಟ ನೀರಿಗಿಳಿದು, ಕವಲುಕೋಲಿಗೆ ಹಾವಸೆ ಸುತ್ತಿ ಸುತ್ತಿ ಎಳೆದು ದಡಕ್ಕೆ ಹಾಕುವಳು. ಹಾವಸೆಯೆಂದರೆ ಕಾಲು ಜಾರಿಸುವ ಬರಿಯ ಪಾಚಿಯಲ್ಲ, ನೂಲಿನ ಹಾಗೆ ಎಳೆಎಳೆಯಾಗಿ ಬೆಳೆದು ಮುಳುಗಿಸಿದ ಕೊಡದ ಕುತ್ತಿಗೆಗೇ ಸುತ್ತಿಕೊಳ್ಳುವಂಥದ್ದು. ಈ ಕೆಲಸಕ್ಕೆ ಸುಗ್ಗಿಯಲ್ಲಿ ಮನೆಗೊಂದು ಮೊರ ರಾಗಿ ಕೊಡುವುದು ರೂಢಿ.

ಒಂದು ವರ್ಷ ಹಾವಸೆ ಎಂದಿಗಿಂತ ಹೆಚ್ಚಾಯಿತು. ಗಂಗಮ್ಮ ಮುನಿದಿದ್ದಾಳೆ, ಹಾಲೆರೆಯಿರಿ ಎಂದು ಊರಗೌಡ ಹಿರೇತಿಪ್ಪಯ್ಯ ಅಪ್ಪಣೆ ಮಾಡಿದ. ಆತ ನಮ್ಮ ಮೂಲಪುರುಷ. ಮನೆಮನೆಯಿಂದ ಹಾಲು, ಮೊಸರು, ಈದ ಹಸುವಿನ ಗಿಣ್ಣು, ಬೆಲ್ಲದನ್ನ ಎಲ್ಲವೂ ಹೊಂಡ ಸೇರಿದವು. ಹಾವಸೆ ಇಮ್ಮಡಿಯಾಯಿತು. ಆಗ ನಮ್ಮವರಿಗೆ ಹೊಳೆದ ಉಪಾಯ, ಇನ್ನಷ್ಟು ಹಾಲು ಸುರಿಯುವುದು! ಎಂಥ ಬುದ್ಧಿ ನೋಡಿ.

ಗಿರಿಯವ್ವ ತಡೆಯಲಾರದೆ ಗೌಡನ ಮನೆಯ ಮುಂದೆ ನಿಂತಳು. "ಗೌಡ್ರೇ, ಹಾಲು ಹುಯ್ಯೋದು ಬಿಡ್ರಪ್ಪ. ಹಾವಸೆ ಅದನ್ನೇ ಉಂಡು ಬೆಳೀತೈತೆ. ನಾನು ಎಳೆದಷ್ಟೂ ನೀವು ಉಣ್ಣಾಕಿಕ್ತೀರಿ."

"ಎಲ್ಲಾ ಬಲ್ಲವಳು ಬಂದ್ಳು! ದೇವರ ಎಡೆಗೇ ಕಣ್ಣು ಹಾಕ್ತೀಯೇನೇ? ನಿನ್ನ ಮೈಲಿಗೆಯಿಂದ್ಲೇ ನೀರು ಕೆಟ್ಟಿರೋದು" ಎಂದು ಗೌಡ ಗದರಿದನಂತೆ.

ಅಷ್ಟಕ್ಕೇ ಬಿಟ್ಟಿದ್ದರೆ ನಾನಿಂದು ಬಾಯಿ ಬಿಡಬೇಕಾಗಿರಲಿಲ್ಲ. ಊರು ಕೂಡಿಸಿ ಸತ್ಯಪರೀಕ್ಷೆ ಇಟ್ಟರು. ಗಿರಿಯವ್ವ ಹೊಂಡದಲ್ಲಿ ಮುಳುಗಿ ಏಳಬೇಕು. ಮೈಮೇಲೆ ಒಂದೆಳೆ ಹಾವಸೆಯೂ ಇಲ್ಲದಿದ್ದರೆ ಅವಳು ನಿರ್ದೋಷಿ. ಆ ನೀರಿನಲ್ಲಿ ಮುಳುಗಿದರೆ ಗೌಡನ ಮೈಗೂ ಅಂಟುತ್ತಿತ್ತು, ಆದರೆ ಗೌಡನಿಗೆ ಮುಳುಗು ಎನ್ನುವವರು ಯಾರು? ಅವಳು ಮುಳುಗಿದಳು. ಎದ್ದಾಗ ತಲೆಯಿಂದ ಮೊಣಕಾಲಿನವರೆಗೆ ಹಸಿರು ಎಳೆಗಳು ಜೋತಾಡುತ್ತಿದ್ದವು. ಊರಿಗೆ ಊರೇ ನಕ್ಕಿತು. ಅದೇ ಮೈಯಲ್ಲಿ ಅವಳನ್ನು ಬೀದಿಯುದ್ದಕ್ಕೂ ನಡೆಸಿ ಊರಬಾಗಿಲಾಚೆ ದಬ್ಬಿದರು ಎನ್ನುತ್ತಾರೆ. ಥೂ, ನಮ್ಮ ಜನ್ಮಕ್ಕಿಷ್ಟು!

ಮರುವರ್ಷ ದನಕರುಗಳಿಗೆ ಕಾಲುಬಾಯಿ ಬೇನೆ ಬಂತು. ಕೆಚ್ಚಲು ಬತ್ತಿದವು. ಮಕ್ಕಳಿಗೇ ಹಾಲಿಲ್ಲ, ಹೊಂಡಕ್ಕೆ ಎಲ್ಲಿಂದ ಬರಬೇಕು? ಎಡೆ ನಿಂತ ಕೆಲವು ತಿಂಗಳಲ್ಲಿ ಹಳೆಯ ಹಾವಸೆ ಕೊಳೆತು ತಳ ಸೇರಿತು, ಹೊಸದು ಅಷ್ಟಾಗಿ ಹುಟ್ಟಲಿಲ್ಲ, ಮಳೆ ಬಿದ್ದ ಮೇಲೆ ನೀರು ತಾನೇ ತಿಳಿಯಾಯಿತು. ಗಿರಿಯವ್ವ ಹೇಳಿದ್ದೇ ನಿಜವೆಂದು ಊರಿಗೆಲ್ಲ ತಿಳಿಯಿತು. ಕೊಡ ಹಿಡಿದು ಬಂದ ಹೆಂಗಸರು ಒಬ್ಬರ ಮುಖ ಒಬ್ಬರು ನೋಡದೆ ನೀರು ತುಂಬಿಕೊಂಡು ಹೋಗುತ್ತಿದ್ದರಂತೆ.

ಗೌಡ ಹುಡುಕಿಕೊಂಡು ಹೋದ. ಗಿರಿಯವ್ವ ಎರಡು ಹರದಾರಿ ಆಚೆಯ ಊರಿನಲ್ಲಿ ಕೆರೆಯೊಳಗೆ ನಿಂತು ಹಾವಸೆ ಎಳೆಯುತ್ತಿದ್ದಳು. ಗೌಡ ತಲೆಯ ರುಮಾಲು ತೆಗೆದು ಅವಳ ಮುಂದೆ ಹಾಸಿ, ತಪ್ಪಾಯಿತು, ಊರಿಗೆ ಬಾ ತಾಯಿ ಎಂದ.

"ಸಿಟ್ಟಿಲ್ಲ ಗೌಡ್ರೇ" ಎಂದಳು. "ನಾನು ಹಾವಸೆ ತೆಗೆದು ನೀರು ಕುಡಿಸಿದ ಮಕ್ಕಳೂ ಅವತ್ತು ನಕ್ಕವಲ್ಲ, ಆ ಬೀದ್ಯಾಗೆ ಹೆಂಗೆ ನಡೀಲಿ? ನಿಮ್ಮ ಹೊಂಡದ ಹಾವಸೆ ನೀವೇ ತೆಗೀರಿ." ಅವಳು ಬರಲಿಲ್ಲ, ಸತ್ತಮೇಲೂ ಬರಲಿಲ್ಲ, ಅವಳ ಮಣ್ಣು ಅಲ್ಲೇ ಆಯಿತು. ಹಾಲುಹೊಂಡವೆಂಬ ಹಳೆಯ ಹೆಸರನ್ನು ಯಾರೂ ನುಡಿಯಕೂಡದು, ನೀರು ಮುಟ್ಟುವವರೆಲ್ಲ ಅವಳ ಹೆಸರು ಹೇಳಲಿ ಎಂದು ಕಟ್ಟು ಮಾಡಿದವನು ಅದೇ ಹಿರೇತಿಪ್ಪಯ್ಯ.

ಇಂದಿಗೂ ಈ ದಡದಲ್ಲಿ ಗುಡಿಯಿಲ್ಲ, ಎಡೆಯಿಲ್ಲ. ಹಾವಸೆ ತೆಗೆಯುವ ಹೊಣೆ ಗೌಡನ ಮನೆಯ ಹಿರಿಯನದು. ಬೆಳಿಗ್ಗೆ ಬಂದವರು ಸೊಂಟಮಟ್ಟ ನೀರಿನಲ್ಲಿ ಕೋಲು ತಿರುವುತ್ತಿರುವ ಮುದುಕನನ್ನು ಕಾಣುತ್ತಾರೆ, ಅವನು ನಾನೇ. "ಎಂಥ ಸೇವೆ ಯಜಮಾನರೇ" ಎಂದು ಹೊಗಳುತ್ತಾರೆ. ಬೇಡಿ ಎಂದರೆ ವಿನಯವೆಂದುಕೊಳ್ಳುತ್ತಾರೆ. ಆಗ ಮೆಟ್ಟಿಲ ಮೇಲೆ ಕೂರಿಸಿ ಇದಿಷ್ಟನ್ನೂ ಹೇಳುತ್ತೇನೆ. ಮುಗಿಸುವಷ್ಟರಲ್ಲಿ ಅವರು ನನ್ನ ಮುಖ ನೋಡುವುದನ್ನು ಬಿಟ್ಟಿರುತ್ತಾರೆ.