ದ್ವೀಪದ ನಡುವೆ ಕಡಲು ಬಂದು ಕೂತದ್ದು

ಭೂಮಿ ಇನ್ನೂ ಹಸಿಯಾಗಿದ್ದ ಕಾಲ. ಕಡಲಿಗೆ ಉಪ್ಪು ಹಾಕಿ ಬಹಳ ದಿನವೇನೂ ಆಗಿರಲಿಲ್ಲ. ಆಗ ಗಾಳಿ ಮಾತಾಡುತ್ತಿತ್ತು, ಏಡಿ ಮಾತಾಡುತ್ತಿತ್ತು, ಕಡಲೂ ಮಾತಾಡುತ್ತಿತ್ತು. ಸುಳ್ಳಾಡುವುದನ್ನು ಮಾತ್ರ ಆ ಕಡೆ ಯಾರೂ ಕಲಿತಿರಲಿಲ್ಲ.

ಪಡುವಣ ಕಡಲಿನಲ್ಲಿ ಒಂದು ದ್ವೀಪವಿತ್ತು. ಈಗಿನ ಹವಳದ ದ್ವೀಪಗಳ ಹಾಗೆ ಅದರ ನಡುವೆ ನೀರಿರಲಿಲ್ಲ. ಬೋರಲು ಹಾಕಿದ ಬೋಗುಣಿಯ ಹಾಗೆ ಒಂದು ಗುಡ್ಡವಿತ್ತು. ಗುಡ್ಡದ ತುಂಬ ಕಡಲಹಕ್ಕಿಗಳು. ಅವುಗಳ ಹಿಕ್ಕೆ ಬಿದ್ದು ಬಿದ್ದು ಮಣ್ಣು ಎಷ್ಟು ಸಾರವಾಗಿತ್ತೆಂದರೆ, ಅಲ್ಲಿ ಊರುಗೋಲು ನೆಟ್ಟರೂ ಚಿಗುರುತ್ತಿತ್ತು. ಗುಡ್ಡದ ಬುಡದಲ್ಲಿ ಸಿಹಿನೀರಿನ ಒರತೆ, ಒರತೆಯ ಪಕ್ಕದಲ್ಲಿ ಒಂದು ಜೀಗುಜ್ಜೆ ಮರ. ಆ ಮರದಡಿಯಲ್ಲೇ ಮುತ್ತುಬಿಯ ತಾಯಿಯನ್ನು ಮಣ್ಣು ಮಾಡಿದ್ದರು.

ಮುತ್ತುಬಿ ಅಂದರೆ ದ್ವೀಪದಲ್ಲಿ ಚಾಪೆ ಹಾಸುವವಳು. ಅದು ಸಣ್ಣ ಕೆಲಸವಲ್ಲ. ಕೇದಗೆಯ ಎಲೆ ಒಣಗಿಸಿ, ಸೀಳಿ, ಹೆಣೆದ ದೊಡ್ಡ ಚಾಪೆ ಅದು. ನೆಂಟರು ಬಂದರೆ ಚಾಪೆಯ ನಡುವೆ ಕೂರಿಸಬೇಕು, ಮನೆಯವರು ಅಂಚಿನಲ್ಲಿ ಕೂರಬೇಕು. ನೆಂಟರು ತಾವಾಗಿ "ಎದ್ದೆ" ಅನ್ನುವ ತನಕ ನಡು ಅವರದೇ. ಏಳಿ ಅನ್ನುವ ಹಾಗಿಲ್ಲ. ಅವರಿಗಿಂತ ಹಿರಿಯರು ಬಂದರೆ ಮಾತ್ರ ಮೊದಲು ಕೂತವರು ಎದ್ದು ಜಾಗ ಬಿಡಬೇಕು.

ಪಡುಗಾಳಿ ಬಂದು ಆ ಚಾಪೆಯಲ್ಲಿ ಕೂತದ್ದುಂಟು. ಆಮೆ ಬಂದಾಗ, ಆಮೆ ತನಗಿಂತ ಹಿರಿದೆಂದು ಗಾಳಿ ಎದ್ದು ಜಾಗ ಬಿಟ್ಟದ್ದೂ ಉಂಟು. ಆಮೆಗೆ "ಎದ್ದೆ" ಅನ್ನಲು ಒಂಬತ್ತು ದಿನ ಹಿಡಿಯಿತು. ಆದರೂ ಅಂದಿತು. ಮಾನವಂತ ಪ್ರಾಣಿ.

ಆಮೇಲೆ ಅವನು ಬಂದ.

ದೊಡ್ಡನೆಲದಿಂದ ದೊಡ್ಡ ಹಡಗಿನಲ್ಲಿ ಬಂದ. ದೊಡ್ಡನೆಲದವರು ತಮ್ಮ ಹೊಲಗಳನ್ನು ಉತ್ತು ಉತ್ತು ಮಣ್ಣಿನ ಸಾರವನ್ನೆಲ್ಲ ತಿಂದು ಮುಗಿಸಿದ್ದರು. ಬೇರೆ ಕಡೆ ಒಳ್ಳೆ ಮಣ್ಣು ಎಲ್ಲಿದೆ ನೋಡಿಕೊಂಡು ಬಾ ಎಂದು ಈ ಪಾರುಪತ್ಯಗಾರನನ್ನು ಕಳಿಸಿದ್ದರು. ಅವನಿಗೊಂದು ಹೆಸರಿತ್ತು. ಅದನ್ನು ಹೇಳಿ ಬಾಯಿ ಕೆಡಿಸಿಕೊಳ್ಳುವುದು ಬೇಡ.

ಮುತ್ತುಬಿ ಚಾಪೆ ಹಾಸಿದಳು. ಅವನು ನಡುವೆ ಕೂತ. ಎಳನೀರು ಕುಡಿದ, ಸುಟ್ಟ ಮೀನು ತಿಂದ, ಮುಳ್ಳನ್ನು ಚಾಪೆಯ ಮೇಲೇ ಉಗಿದ. ಆಮೇಲೆ ಅಲ್ಲಿನ ಪದ್ಧತಿಗಳನ್ನು ಒಂದೊಂದಾಗಿ ವಿಚಾರಿಸಿದ.

"ಹಾಗಾದರೆ ನಾನು 'ಎದ್ದೆ' ಅನ್ನುವ ತನಕ ನಡು ನನ್ನದೇ?"

"ನಿಮ್ಮದೇ ನೆಂಟರೇ," ಅಂದಳು ಮುತ್ತುಬಿ. ಅವಳಿಗೆ ಇನ್ನೂ ಒಳ್ಳೆಯ ಮನಸ್ಸಿತ್ತು.

ಮರುದಿನ ಬೆಳಿಗ್ಗೆ ಅವನು ಗುಡ್ಡದ ನೆತ್ತಿಯ ಮೇಲೆ ನಿಂತಿದ್ದ. "ಚಾಪೆ ಇಲ್ಲಿಗೆ ತಾ. ದ್ವೀಪ ನಿಮ್ಮ ಮನೆ ಅಲ್ಲವೇ? ಮನೆಯ ನಡು ಇದು."

ಮುತ್ತುಬಿಗೆ ಏನೋ ಕಸಿವಿಸಿಯಾಯಿತು. ಆದರೆ ನೆಂಟರಿಗೆ ಇಲ್ಲ ಅನ್ನುವುದನ್ನು ಅವಳಿಗೆ ಯಾರೂ ಕಲಿಸಿರಲಿಲ್ಲ. ಹಾಸಿದಳು. ತನ್ನ ಕೈಯಾರೆ ಹಾಸಿದಳು.

ಅಂದಿನಿಂದ ಗುದ್ದಲಿ ಬಂತು, ಬುಟ್ಟಿ ಬಂತು, ಹಡಗಿನ ಹಿಂದೆ ಹಡಗು ಬಂತು. ಗುಡ್ಡದ ಮಣ್ಣು ಬುಟ್ಟಿ ಬುಟ್ಟಿಯಾಗಿ ಹಡಗು ಹತ್ತಿ ದೊಡ್ಡನೆಲಕ್ಕೆ ಹೋಯಿತು. ಉಂಡ ಮನೆಯ ಗಳ ಹಿರಿಯಬಾರದು ಅನ್ನುತ್ತಾರೆ. ಇವನು ಗಳ ಹಿರಿದ, ಮಾಡು ಕಿತ್ತ, ಗೋಡೆ ಕೆರೆದ, ಕೆರೆಯುತ್ತಲೇ "ಅನ್ನಕ್ಕೆ ಇನ್ನೊಂದು ಮೀನು ಹಾಕು" ಅಂದ. ಗುಡ್ಡ ಕುಗ್ಗಿದ ಹಾಗೆಲ್ಲ ಚಾಪೆ ಕೆಳಗಿಳಿಯಿತು. ಅವನು ಮಾತ್ರ ಅದರ ನಡುವಿನಿಂದ ಕದಲಲಿಲ್ಲ.

ಕಡಲಹಕ್ಕಿಗಳು ಬಂದು ಕೇಳಿದವು, "ಮುತ್ತುಬಿ, ನಾವಿನ್ನು ಎಲ್ಲಿ ಮೊಟ್ಟೆ ಇಡೋದು?"

ಮುತ್ತುಬಿ ನೆಂಟರಿಗೆ ಮೀನು ಸುಡಲು ಹೋದಳು. ಹಕ್ಕಿಗಳು ಹೋದವು.

ಒಂದು ದಿನ ಪಾರುಪತ್ಯಗಾರ ಎಲ್ಲರನ್ನೂ ಕರೆಸಿದ. "ದೊಡ್ಡನೆಲದಲ್ಲಿ ಸಭೆ ಆಯಿತು. ಗುಡ್ಡದ ಮಣ್ಣು ಪೂರಾ ತೆಗೆಯುವುದೆಂದು ತೀರ್ಮಾನ. ನಿಮ್ಮ ಪರವಾಗಿ ನಾನೇ ಇಲ್ಲಿಂದ ಒಪ್ಪಿಗೆ ಹೇಳಿ ಕಳಿಸಿದ್ದೇನೆ."

"ನಮ್ಮನ್ನು ಕೇಳಿದ್ರಾ?" ಅಂದಿತು ಏಡಿ. ಏಡಿಗೆ ಮೊದಲಿನಿಂದಲೂ ಮುಲಾಜು ಕಡಿಮೆ.

"ನಡುವೆ ಕೂತವನು ಮಾತಾಡುತ್ತಾನೆ. ಅಂಚಿನಲ್ಲಿ ಕೂತವರು ಕೇಳಿಸಿಕೊಳ್ಳಬೇಕು. ಅದು ನಿಮ್ಮದೇ ಪದ್ಧತಿ," ಅಂದ ಅವನು. "ಬೇಜಾರು ಯಾಕೆ? ದೊಡ್ಡನೆಲದಲ್ಲಿ ನಿಮಗೆಲ್ಲ ಒಂದೊಂದು ಗುಡಿಸಲು ಕೊಡುತ್ತೇವೆ. ಅಲ್ಲಿ ರಸ್ತೆ ಇದೆ, ಅಂಗಡಿ ಇದೆ, ಎಲ್ಲ ಇದೆ."

"ಅಲ್ಲಿ ನಮ್ಮಮ್ಮ ಇದ್ದಾಳಾ?" ಅಂದಳು ಮುತ್ತುಬಿ.

ಅವನು ನಕ್ಕ. ಅಷ್ಟು ದಿನ ಅವಳ ಅನ್ನ ತಿಂದವನು, ಅವಳ ಮುಖ ನೋಡಿ ನಕ್ಕ.

ಗುಡ್ಡ ನೆಲಸಮವಾಯಿತು. ಆಮೇಲೆ ಅಲ್ಲಿ ಹೊಂಡವಾಯಿತು. ಒರತೆಯ ನೀರು ಉಪ್ಪಾಯಿತು. ಒಂದು ಮಧ್ಯಾಹ್ನ ಗುದ್ದಲಿಯವರು ಜೀಗುಜ್ಜೆ ಮರದ ಬುಡಕ್ಕೆ ಬಂದರು.

ಮುತ್ತುಬಿ ಓಡಿ ಬಂದು ಮರಕ್ಕೆ ಬೆನ್ನು ಕೊಟ್ಟು ನಿಂತಳು. ಹೊಂಡದ ನಡುವೆ ಚಾಪೆಯ ಮೇಲೆ ಕೂತಿದ್ದವನಿಗೆ ಹೇಳಿದಳು, "ಇದೊಂದು ಬಿಡಿ. ಸಾಕು. ಇನ್ನು 'ಎದ್ದೆ' ಅನ್ನಿ."

"ನೆಂಟರಿಗೆ ಏಳಿ ಅನ್ನುವುದುಂಟೇ? ಎಂಥ ಮನೆಯವರಮ್ಮ ನೀವು?" ಅಂದ ಅವನು. "ನಾಳೆ ಬೆಳಿಗ್ಗೆ ಮರ ಬೀಳಲಿ."

ಮುತ್ತುಬಿಗೆ ಸಿಟ್ಟು ಬಂತು. ಅವಳ ಜನರಲ್ಲಿ ಅಂಥ ಸಿಟ್ಟು ಅದುವರೆಗೆ ಯಾರಿಗೂ ಬಂದಿರಲಿಲ್ಲ. ಅದಕ್ಕೆ ಅವರಲ್ಲಿ ಒಂದು ಹೆಸರೂ ಇರಲಿಲ್ಲ. ಅವನ ಮೇಲೆ ಸಿಟ್ಟು, ಅವನನ್ನು ಕಳಿಸಿದವರ ಮೇಲೆ ಸಿಟ್ಟು, ಎಲ್ಲಕ್ಕಿಂತ ಹೆಚ್ಚಾಗಿ ಚಾಪೆ ಹಾಸಿದ ತನ್ನ ಎರಡು ಕೈಗಳ ಮೇಲೆ ಸಿಟ್ಟು. ಹಲ್ಲು ಕಚ್ಚಿಕೊಂಡು ದಡಕ್ಕೆ ನಡೆದಳು.

"ಕಡಲಜ್ಜಾ, ಈ ಲೋಕದಲ್ಲಿ ನಿನಗಿಂತ ಹಿರಿಯರು ಯಾರಾದ್ರೂ ಇದ್ದಾರಾ?"

"ಇಲ್ಲ ಮಗಳೇ. ಈ ನೆಲವೆಲ್ಲ ನನ್ನ ಹೊಟ್ಟೆಯಿಂದ ಎದ್ದು ಬಂದದ್ದು."

"ಹಾಗಾದ್ರೆ ನಮ್ಮನೆಗೆ ಬಾ. ನಡುವೆ ಕೂರು."

ಕಡಲು ಹೇಳಿತು, "ನಾನು ಕೂತರೆ ಏಳುವವನಲ್ಲ. ನಿನ್ನಮ್ಮ ಮಲಗಿದ ಜಾಗವೂ ನನ್ನಡಿಗೆ ಬರುತ್ತದೆ. ಆಮೇಲೆ ಅಳಬಾರದು."

"ಅವಳನ್ನ ಬುಟ್ಟಿಗೆ ತುಂಬಿ ಯಾರದೋ ಹೊಲಕ್ಕೆ ಗೊಬ್ಬರ ಹಾಕೋದಕ್ಕಿಂತ ನಿನ್ನ ಮಡಿಲಲ್ಲಿ ಇರಲಿ," ಅಂದಳು ಮುತ್ತುಬಿ. "ಆದರೆ ಒಳಗೆ ಸದ್ದು ಮಾಡದೆ ಕೂರಬೇಕು. ಅವಳು ಮಲಗಿದ್ದಾಳೆ. ಇನ್ನೊಂದು ಕೇಳ್ತೀನಿ. ನನಗೆ ವಯಸ್ಸಾಗುತ್ತೆ, ನಾನು ಸಾಯ್ತೀನಿ. ಈ ಸಿಟ್ಟು ಸಾಯಬಾರದು. ಅದನ್ನ ನೀನಿಟ್ಟುಕೋ. ಹೊರಗಡೆ ಅಂಚಿನಲ್ಲಿ ನಿಂತು ಕೂಗ್ತಾ ಇರು."

"ಆಗಲಿ," ಅಂದಿತು ಕಡಲು.

ನೀರಿನಡಿಯ ಹವಳದ ಹುಳುಗಳು ಇದನ್ನೆಲ್ಲ ಕೇಳಿಸಿಕೊಂಡಿದ್ದವು. "ನಡು ಹೋದರೆ ಹೋಗಲಿ, ಅಂಚು ಹೋಗಲು ಬಿಡೋದಿಲ್ಲ. ನಾವು ಸುತ್ತ ಕಟ್ಟೆ ಕಟ್ಟುತ್ತೇವೆ," ಅಂದವು.

ಮುತ್ತುಬಿ ಊರಿನವರನ್ನೆಲ್ಲ ಕರೆದು ದ್ವೀಪದ ಅಂಚಿನುದ್ದಕ್ಕೂ ಕೂರಿಸಿದಳು. ನಡುವಿಗೆ ಬರುವವರಿಗೆ ದಾರಿಯಿರಲಿ ಎಂದು ಒಂದು ಕಡೆ ಸ್ವಲ್ಪ ಜಾಗ ಬಿಡಿಸಿದಳು. ಆಮೇಲೆ ಮುಂದೆ ಅವಳು, ಹಿಂದೆ ಕಡಲು, ಹೊಂಡದ ಕಡೆಗೆ ನಡೆದರು.

"ನೆಂಟರೇ," ಅಂದಳು ಮುತ್ತುಬಿ ಮೇಲಿನಿಂದ. "ನಿಮಗಿಂತ ಹಿರಿಯರು ಬಂದಿದ್ದಾರೆ. ಜಾಗ ಬಿಡಿ."

"ಯಾವ ಹಿರಿಯರು?" ಎಂದು ಅವನು ತಲೆ ಎತ್ತಿ ನೋಡಿದ.

ನೀರು ಚಾಪೆಯ ಅಂಚಿಗೆ ಬಂತು. ಅವನು ಕಾಲು ಮಡಿಚಿಕೊಂಡ. ನೀರು ಸೊಂಟಕ್ಕೆ ಬಂತು. ಅವನು ಚಾಪೆಯನ್ನು ಗಟ್ಟಿಯಾಗಿ ಹಿಡಿದುಕೊಂಡ. ಇಷ್ಟಾದರೂ ಬಿಡಲು ಮನಸ್ಸಿಲ್ಲ ನೋಡು ಆ ಪ್ರಾಣಿಗೆ. ನೀರು ಕುತ್ತಿಗೆಗೆ ಬಂದಾಗ ಬಾಯಿ ಬಿಟ್ಟ.

"ಎದ್ದೆ! ಎದ್ದೆ! ಎದ್ದೆ!"

"ಒಂದು ಸಲ ಅಂದಿದ್ರೆ ಸಾಕಿತ್ತು," ಅಂದಿತು ಏಡಿ.

ಅವನು ಈಜುತ್ತಾ, ಮುಳುಗುತ್ತಾ, ಬಿಟ್ಟ ಜಾಗದಿಂದ ಹೊರಗೆ ಹೋಗಿ ಹಡಗು ಹತ್ತಿದ. ಗುದ್ದಲಿ ಬುಟ್ಟಿಗಳು ತಳ ಸೇರಿದವು. ಕಡಲು ನಡುವೆ ಕೂತಿತು, ಜೀಗುಜ್ಜೆ ಮರದ ಮೇಲೆ, ಒರತೆಯ ಮೇಲೆ, ಮುತ್ತುಬಿಯ ತಾಯಿಯ ಮೇಲೆ. ಮಾತು ಕೊಟ್ಟ ಹಾಗೆ ಒಂಚೂರೂ ಸದ್ದು ಮಾಡಲಿಲ್ಲ.

ಮುತ್ತುಬಿ ತೇಲಿ ಬಂದ ಚಾಪೆಯನ್ನು ಎಳೆದುಕೊಂಡು, ಹಿಂಡಿ, ಒಣಗಿಸಿ, ಸುತ್ತಿಟ್ಟಳು. ಅಳಬಾರದು ಅಂದಿದ್ದರೂ ಅತ್ತಳು. ಸಿಟ್ಟಿನಿಂದಲೇ ಅತ್ತಳು.

ಹವಳದ ಹುಳುಗಳು ಅಂದು ಶುರು ಮಾಡಿದ ಕಟ್ಟೆಯನ್ನು ಇನ್ನೂ ಕಟ್ಟುತ್ತಲೇ ಇವೆ. ಅದಕ್ಕೇ ಮಗೂ, ಹವಳದ ದ್ವೀಪ ಬಳೆಯ ಹಾಗಿರುತ್ತದೆ. ಸುತ್ತ ತೆಳ್ಳಗೆ ನೆಲ, ನೆಲದ ಮೇಲೆ ಜನ, ನಡುವೆ ಅಲುಗದ ನೀಲಿ ನೀರು. ಹೊರಗೆ ಕಟ್ಟೆಯ ಹತ್ತಿರ ಮಾತ್ರ ಅಲೆಗಳು ಹಗಲೂ ರಾತ್ರಿ ಅಬ್ಬರಿಸುತ್ತಿರುತ್ತವೆ. ದೊಡ್ಡ ಹಡಗುಗಳು ಆ ಸದ್ದಿಗೆ ದೂರದಲ್ಲೇ ನಿಂತು, ಜನರನ್ನು ಸಣ್ಣ ದೋಣಿಗೆ ಇಳಿಸಿ ಕಳಿಸುತ್ತವೆ. ಮುಂದೊಂದು ದಿನ ನೀನೂ ಅಂಥ ದೋಣಿಯಲ್ಲಿ ಕೂತಾಗ ಕಿವಿಗೊಟ್ಟು ಕೇಳು. ಬಂದ ಪ್ರತಿಯೊಬ್ಬರನ್ನೂ ಆ ಅಲೆ ಮುತ್ತುಬಿಯ ಸಿಟ್ಟಿನಲ್ಲಿ ಕೇಳುತ್ತಿರುವುದು ಒಂದೇ ಮಾತು: "ಬಂದದ್ದಾಯ್ತು. ಯಾವಾಗ ಏಳ್ತೀ?"