ಬೆಚ್ಚಗಿನ ಆಸನ

"ಗುರುಗಳೇ, ಯೂರೋಪಿನಲ್ಲಿ ಫ್ಯಾಸಿಸಂ ಅಧಿಕಾರ ಹಿಡಿದಿದ್ದಾಗ ಹೊರದೇಶಗಳ ಬರಹಗಾರರು ಅಲ್ಲಿಗೆ ಹೋಗಿಬಂದರು. ಕೆಲವರು ಕಂಡದ್ದನ್ನು ಕಂಡಂತೆ ಹೇಳಿದರು. ಅವರ ಮಾತನ್ನು ಹೆಚ್ಚು ಜನ ನಂಬಲಿಲ್ಲ. ಕೆಲವರು ಅಲ್ಲಿಯ ಶಿಸ್ತನ್ನು ಕೊಂಡಾಡಿ ಬರೆದರು. ಅದನ್ನು ಓದಿ ಜನ ತಲೆದೂಗಿದರು. ಎಲ್ಲರೂ ವಿದ್ಯಾವಂತರು, ಎಲ್ಲರಿಗೂ ಕಣ್ಣಿತ್ತು. ಕೊಂಡಾಡಿದವರು ಸುಳ್ಳು ಹೇಳಿದರೆಂದು ತಿಳಿಯಬೇಕೇ?"

ಹೀಗೆ ಕೇಳಿದ ಶಿಷ್ಯನು ಅಂದು ತನ್ನ ಎಂದಿನ ಮಣೆಯನ್ನು ಬಿಟ್ಟು, ಗುರುಗಳಿಗೆ ಅತಿ ಸಮೀಪದ ಮಣೆಯ ಮೇಲೆ ಕುಳಿತಿದ್ದನು. ಅವನು ಬಂದಾಗ ಅದು ಬರಿದಾಗಿತ್ತು.

ಗುರುಗಳು ಹೇಳಿದರು: "ಒಂದು ಕತೆಯಿದೆ. ಅದರಲ್ಲಿ ಬರುವ ಬರಹಗಾರನು ತನ್ನ ಪುಸ್ತಕದಲ್ಲಿ ಒಂದು ಸುಳ್ಳನ್ನೂ ಬರೆಯಲಿಲ್ಲ. ಕೇಳು."

ಚಳಿಯ ಸೀಮೆಯಲ್ಲಿ ಒಂದು ನಗರವಿತ್ತು. ಅದನ್ನು ಒಬ್ಬ ಒಡೆಯನು ಹೊಸದಾಗಿ ವಶಮಾಡಿಕೊಂಡಿದ್ದನು. ಅವನ ಆಳ್ವಿಕೆಯಲ್ಲಿ ಬೀದಿಗಳು ಶುಭ್ರವಾದವು, ಬಂಡಿಗಳು ಹೊತ್ತಿಗೆ ಸರಿಯಾಗಿ ಬಂದವು, ಜಗಳದ ಸದ್ದು ಕೇಳಿಸದಾಯಿತು ಎಂಬ ಸುದ್ದಿ ಎಲ್ಲೆಡೆ ಹಬ್ಬಿತು. ಅದನ್ನು ಕಂಡು ಬರೆಯಬೇಕೆಂದು ದೂರದೇಶವೊಂದರಿಂದ ಇಬ್ಬರು ಬರಹಗಾರರು ಹೊರಟುಬಂದರು. ಒಬ್ಬನು ಹಿರಿಯ, ಹೆಸರಾಂತವನು. ಇನ್ನೊಬ್ಬನು ಕಿರಿಯ, ಅವನ ಗೆಳೆಯ.

ಆ ನಗರದಲ್ಲಿ ಸಂಜೆಯ ಊಟವು ಒಂದು ದೊಡ್ಡ ಭೋಜನಶಾಲೆಯಲ್ಲಿ ನಡೆಯುತ್ತಿದ್ದಿತು. ಅದರ ಉದ್ದಕ್ಕೂ ಕಲ್ಲಿನ ಆಸನಗಳ ಒಂದೇ ಸಾಲು. ಸಾಲಿನ ಮುಂದಿನ ತುದಿಯಲ್ಲಿ ಒಂದು ಬಾಗಿಲು. ಅದರ ಆಚೆ ಒಡೆಯನ ಅರಮನೆ. ಬಡಿಸುವವರು ಬಾಗಿಲಿನ ಕಡೆಯಿಂದಲೇ ಆರಂಭಿಸುತ್ತಿದ್ದರು.

ಬಡಿಸುವ ಮೊದಲು ಗಂಟೆ ಬಾರಿಸುತ್ತಿದ್ದರು. ಆಗ ಎಲ್ಲರೂ ಎದ್ದು ನಿಂತು, ಕಣ್ಣು ಮುಚ್ಚಿ, ಒಂದೇ ಕಂಠದಿಂದ ಒಡೆಯನನ್ನು ಹೊಗಳಬೇಕು. ಸಾಲಿನಲ್ಲಿ ತೆರಪು ಕಾಣಬಾರದೆಂಬುದು ಅಲ್ಲಿಯ ಕಟ್ಟಳೆ. ಕಣ್ಣು ತೆರೆದಾಗ ಮುಂದೆ ಎಲ್ಲಿಯಾದರೂ ಒಂದು ಸ್ಥಾನ ಬರಿದಾಗಿದ್ದರೆ, ಅದರ ಹಿಂದಿನವರೆಲ್ಲರೂ ಒಂದೊಂದು ಸ್ಥಾನ ಬಾಗಿಲಿನ ಕಡೆಗೆ ಸರಿದು ಕುಳಿತುಕೊಳ್ಳುತ್ತಿದ್ದರು. ಹಿಂದಿನ ತುದಿಗೆ ಹೊಸಬನೊಬ್ಬನು ಬಂದು ಸೇರುತ್ತಿದ್ದನು. ಸಾಲು ಯಾವಾಗಲೂ ತುಂಬಿಯೇ ಇರುತ್ತಿತ್ತು.

ಅತಿಥಿಗಳಿಬ್ಬರನ್ನೂ ಹಿಂದಿನ ತುದಿಯಲ್ಲಿ ಕೂರಿಸಿದರು. ಗಂಟೆಯಾಯಿತು. ಹಿರಿಯನು ಉಳಿದವರಂತೆ ಕಣ್ಣು ಮುಚ್ಚಿದನು. ಹೊಗಳಿಕೆ ಮುಗಿದು ಎಲ್ಲರೂ ಸರಿದಾಗ ತಾನೂ ಸರಿದು ಕುಳಿತನು. ಹೊರಗೆ ಹಿಮ ಬೀಳುತ್ತಿದ್ದರೂ ಆ ಕಲ್ಲು ಬೆಚ್ಚಗಿದ್ದಿತು. ಅತಿಥಿಯ ಆಸನವನ್ನು ಬೆಚ್ಚಗೆ ಮಾಡಿಡುವುದು ಇಲ್ಲಿಯ ಸಂಪ್ರದಾಯವಿರಬೇಕೆಂದು ಅವನಿಗೆ ಬಹಳ ಸಂತೋಷವಾಯಿತು.

"ನಾನು ಕಣ್ಣು ತೆರೆದಿದ್ದೆ" ಎಂದು ಕಿರಿಯನು ಮೆಲ್ಲಗೆ ಹೇಳಿದನು. "ಇಬ್ಬರು ಬಂದು ಒಬ್ಬನ ಹೆಗಲ ಮೇಲೆ ಕೈಯಿಟ್ಟರು. ಅವನನ್ನು ಆ ಬಾಗಿಲೊಳಗೆ ಒಯ್ದರು. ಅವನ ಹಿಂದಿನವನು ಹೊಗಳುವುದನ್ನು ನಿಲ್ಲಿಸಲೇ ಇಲ್ಲ."

"ಉಣ್ಣಲು ಕರೆದವರ ಮನೆಯಲ್ಲಿ ಅಡುಗೆಕೋಣೆಯನ್ನು ಇಣುಕುವವನು ನೀನು" ಎಂದನು ಹಿರಿಯನು. "ನಾನಂತೂ ಕಾಣದ್ದನ್ನು ಬರೆಯುವವನಲ್ಲ."

ಕಿರಿಯನು ಎದ್ದು ನಿಂತು, ಇಲ್ಲಿದ್ದವನು ಎಲ್ಲಿ ಎಂದು ಗಟ್ಟಿಯಾಗಿ ಕೇಳಿದನು. ಯಾರೂ ತಟ್ಟೆಯಿಂದ ತಲೆಯೆತ್ತಲಿಲ್ಲ. ಮರುದಿನ ಬೆಳಗ್ಗೆ ಅವನನ್ನು ಗಡಿ ದಾಟಿಸಿದರು. ಅವನು ತನ್ನ ದೇಶ ಸೇರಿ ಕಂಡದ್ದನ್ನು ಬರೆದನು. ಓದಿದವರು, ಎಲ್ಲರೂ ಕಣ್ಣು ಮುಚ್ಚಿದ್ದಾಗ ಇವನೊಬ್ಬನು ತೆರೆದದ್ದು ಸಭ್ಯತೆಯಲ್ಲ ಎಂದರು. ಇತ್ತ ನಗರದಲ್ಲಿ, ನಿಮ್ಮ ಗೆಳೆಯರಿಗೆ ಇಲ್ಲಿಯ ಚಳಿ ಒಗ್ಗಲಿಲ್ಲವೆಂದು ಸೇವಕರು ಹಿರಿಯನಿಗೆ ತಿಳಿಸಿದರು. ಸೇವಕರು ಹೀಗೆ ತಿಳಿಸಿದರು ಎಂದೇ ಅವನು ಬರೆದನು.

ಅವನು ಅಲ್ಲಿಯೇ ಉಳಿದನು. ಸಂಜೆಗಳು ಕಳೆದಂತೆ ಅವನ ಸ್ಥಾನವು ಮುಂದುಮುಂದಕ್ಕೆ ಬಂದಿತು. ಪ್ರತಿ ಸಲವೂ ಆಸನ ಬೆಚ್ಚಗಿರುತ್ತಿತ್ತು. ಒಡೆಯನಿಗೆ ತನ್ನ ಮೇಲಿನ ಗೌರವ ಹೆಚ್ಚುತ್ತಿದೆ ಎಂದುಕೊಂಡನು. ಬರೆದ ಹಾಳೆಗಳನ್ನು ಊರಿಗೆ ಕಳುಹಿಸುತ್ತಿದ್ದನು. ಅಲ್ಲಿ ಅವು ಪುಸ್ತಕವಾಗಿ ಅಚ್ಚಾಗುತ್ತಿದ್ದವು.

ಅವನ ಮುಂದಿನ ಆಸನದಲ್ಲಿ ಒಬ್ಬ ಉಣ್ಣೆಯ ವ್ಯಾಪಾರಿ ಕುಳಿತುಕೊಳ್ಳುತ್ತಿದ್ದನು. ಒಂದು ಸಂಜೆ ಅವನು ಹಿಂತಿರುಗಿ ಕೇಳಿದನು.

"ಏನು ಸ್ವಾಮಿ, ನನ್ನ ಬೆನ್ನು ಬಿಡದೆ ಮುಂದೆ ಬರುತ್ತಿದ್ದೀರಲ್ಲ?"

"ನಿಮ್ಮವರು ತೋರಿಸುತ್ತಿರುವ ಮರ್ಯಾದೆ ಅಂಥದು."

ವ್ಯಾಪಾರಿಯು ನಕ್ಕನು. "ಮೊದಮೊದಲು ನಾನೂ ಹಿಗ್ಗಿದವನೇ. ಬಾಗಿಲು ಹತ್ತಿರವಾದಷ್ಟೂ ಸಾರು ಬಿಸಿಬಿಸಿಯಾಗಿ ಸಿಗುತ್ತದೆ ನೋಡಿ." ಆಮೇಲೆ ದನಿ ತಗ್ಗಿಸಿದನು. "ನಾಳೆಯೋ ನಾಡಿದ್ದೋ ನನ್ನ ಜಾಗಕ್ಕೆ ನೀವು ಬರುತ್ತೀರಿ. ಇಲ್ಲಿ ಒಬ್ಬ ಉಣ್ಣೆಯ ವ್ಯಾಪಾರಿ ಕುಳಿತಿದ್ದ ಎಂದು ಒಂದು ಸಾಲು ಬರೆಯಿರಿ. ನನ್ನ ಹೆಂಡತಿ ಗಡಿಯಾಚೆ ಇದ್ದಾಳೆ. ನಿಮ್ಮ ಭಾಷೆ ಓದಬಲ್ಲಳು."

"ಆಗಲಿ, ಬರೆಯೋಣ. ಮೊದಲು ಉಣ್ಣಿ, ಆರುತ್ತಿದೆ."

ಮರುದಿನ ಸಂಜೆ ಗಂಟೆಯಾಯಿತು. ಬರಹಗಾರನು ಕಣ್ಣು ಮುಚ್ಚಿದನು. ಹೊಗಳಿಕೆಯ ನಡುವೆ, ಅವನ ಮುಂದಿನ ಒಂದು ಕಂಠವು ಅರ್ಧ ಮಾತಿಗೆ ನಿಂತಿತು. ಉಳಿದ ಕಂಠಗಳು ಆ ಮಾತನ್ನು ಪೂರ್ತಿಮಾಡಿದವು. ಅವನದೂ ಅವುಗಳಲ್ಲಿ ಒಂದಾಗಿತ್ತು.

ಕಣ್ಣು ತೆರೆದು, ಸರಿದು ಕುಳಿತನು. ಬಿಡಾರಕ್ಕೆ ಬಂದು ಲೇಖನಿ ಹಿಡಿದಾಗ ವ್ಯಾಪಾರಿಯ ನೆನಪಾಯಿತು. ಅವನ ಹೆಸರನ್ನು ಕೇಳಿಕೊಂಡಿರಲಿಲ್ಲ. ಅವನು ಹೋದದ್ದನ್ನು ತಾನು ಕಂಡಿರಲೂ ಇಲ್ಲ. ಕಾಣದ್ದನ್ನು ಬರೆಯುವುದು ಸರಿಯೆನಿಸಲಿಲ್ಲ. ತಾನು ನಿಶ್ಚಯವಾಗಿ ಬಲ್ಲದ್ದನ್ನು ಬರೆದನು: 'ಇಂದು ನನ್ನ ಆಸನವು ಎಂದಿಗಿಂತಲೂ ಬೆಚ್ಚಗಿದ್ದಿತು.'

ಗಡಿಯಾಚೆ ಒಬ್ಬ ಹೆಂಗಸು ಆ ಪುಸ್ತಕವನ್ನು ಕೊನೆಯ ಹಾಳೆಯವರೆಗೂ ಓದಿದಳು. ಮತ್ತೆ ಮೊದಲಿನಿಂದ ಓದಿ ಮುಚ್ಚಿಟ್ಟಳು.

ಕೆಲವು ಕಾಲದ ಮೇಲೆ ಬರಹಗಾರನು ಸಾಲಿನ ಮುಂದಿನ ತುದಿಯನ್ನು ಸೇರಿದನು. ಸಾರು ಮೊದಲು ಅವನಿಗೇ ಬಂದಿತು. ಅವನ ಮುಂದೆ ಆಸನವಿರಲಿಲ್ಲ. ಬಾಗಿಲು ಮಾತ್ರ ಇದ್ದಿತು. ಇನ್ನು ಒಡೆಯನ ದರ್ಶನವಾಗುವುದು ತಡವಿಲ್ಲವೆಂದು ಅವನು ಊರಿಗೆ ಬರೆದನು.

ಮರುದಿನ ಗಂಟೆಯಾಯಿತು. ಎಲ್ಲರೂ ಎದ್ದರು, ಕಣ್ಣು ಮುಚ್ಚಿದರು, ಹೊಗಳತೊಡಗಿದರು. ಅವನ ಹೆಗಲ ಮೇಲೆ ಒಂದು ಕೈ ಬಿದ್ದಿತು. ಕಣ್ಣು ತೆರೆಯಬೇಕೆಂದು ಅವನಿಗೆ ಮೊದಲ ಬಾರಿಗೆ ಅನಿಸಿತು.

ಅವನ ಹಿಂದಿನವರೆಲ್ಲರೂ ಸರಿದು ಕುಳಿತರು. ಹಿಂದಿನ ತುದಿಗೆ ಆ ದಿನವೇ ಬಂದಿದ್ದ ಹೊಸ ಅತಿಥಿಯು ಅದೇ ದೂರದೇಶದವನು, ಬರಹಗಾರನು, ಆ ಪುಸ್ತಕವನ್ನು ಓದಿ ಮೆಚ್ಚಿ ಬಂದವನು. ಅವನೂ ಒಂದು ಸ್ಥಾನ ಸರಿದು ಕುಳಿತು, ಕಲ್ಲನ್ನು ಅಂಗೈಯಿಂದ ಮುಟ್ಟಿ ನೋಡಿದನು. ಪುಸ್ತಕದಲ್ಲಿ ಬರೆದದ್ದು ಅಕ್ಷರಶಃ ನಿಜವಾಗಿತ್ತು.

ಕತೆ ಮುಗಿಯಿತು. ಶಿಷ್ಯನು ಸ್ವಲ್ಪ ತಿರಸ್ಕಾರದಿಂದಲೇ ಹೇಳಿದನು:

"ಎಂಥ ಮನುಷ್ಯ, ಗುರುಗಳೇ. ಅಷ್ಟು ಓದಿದವನು, ಅಷ್ಟು ಬರೆದವನು. ತಾನು ಕುಳಿತ ಜಾಗದಲ್ಲಿ ಮೊದಲು ಇದ್ದವನು ಏನಾದನೆಂದು ಒಮ್ಮೆಯಾದರೂ ಕೇಳಬಾರದಾಗಿತ್ತೇ?"

ಗುರುಗಳು ಅವನು ಕುಳಿತಿದ್ದ ಮಣೆಯನ್ನು ನೋಡಿ ಹೇಳಿದರು:

"ನಿನ್ನೆಯವರೆಗೆ ಆ ಮಣೆಯ ಮೇಲೆ ಕುಳಿತಿದ್ದವನು ಇಂದು ಏಕೆ ಬರಲಿಲ್ಲವೆಂದು ನೀನು ಯಾರನ್ನು ಕೇಳಿದೆ?"