ಎರಡು ತಿಂಗಳು ಕಡಿಮೆ

ಮಕ್ಕಳೇ, ದಟ್ಟ ಕಾಡಿನ ನಡುವೆ ಒಂದು ಕೆರೆಯಿತ್ತು. ಅದರ ಏರಿಯ ಮೇಲೆ ದಿನಾ ಬೆಳಗ್ಗೆ ಬಾಲ ಕುಣಿಸುತ್ತ ಓಡಾಡುತ್ತಿದ್ದವಳು ನೀರುಕೋಳಿ ಸಂಕಮ್ಮ. ಹಿಂದೊಮ್ಮೆ ಮುಂಗಾರಿನ ಮೊದಲ ಮಳೆಗೇ ಏರಿ ಒಡೆದು, ಕೆಳಗಿದ್ದ ಮೊಲ, ಇಲಿಗಳ ಮನೆಗಳೆಲ್ಲ ಕೊಚ್ಚಿಹೋಗಿದ್ದವು. ಕೋಣಗಳು ಸೇರಿ ಹೊಸ ಏರಿ ಹಾಕಿದವು. ಅಂದಿನಿಂದ ಏಡಿಗಳು ಕೊರೆದ ತೂತು ಹುಡುಕಿ ಜೇಡಿಮಣ್ಣು ತುಂಬುವುದೇ ಸಂಕಮ್ಮನ ಕೆಲಸ. ಮಾಡು ಎಂದು ಯಾರೂ ಹೇಳಿರಲಿಲ್ಲ, ಮಾಡಿದ್ದಕ್ಕೆ ಯಾರೂ ಶಹಬ್ಬಾಸ್ ಎಂದಿರಲೂ ಇಲ್ಲ.

ಒಂದು ಬೇಸಿಗೆಯಲ್ಲಿ ಕಾಡನ್ನಾಳುವ ಆನೆಯಮ್ಮ ಡಂಗುರ ಹೊಡೆಸಿದಳು. "ಏರಿ ಕಾವಲಿಗೆ ಸರ್ಕಾರಿ ಹುದ್ದೆ! ಐದು ವರ್ಷದ ಅನುಭವ ಕಡ್ಡಾಯ. ಕೆಲಸ ನೋಡಿದವರಿಂದ ಅನುಭವ ಪತ್ರ ಬರೆಸಿ ತರಬೇಕು. ವಾಸಕ್ಕೆ ಏರಿಯ ಮೇಲಿನ ಕೇದಗೆ ಮೆಳೆ!"

ಕೇದಗೆ ಮೆಳೆ ಎಂದದ್ದೇ ಸಂಕಮ್ಮ ಕತ್ತೆತ್ತಿ ನಿಂತಳು. ಹೋದ ಮಳೆಗಾಲದಲ್ಲಿ ನೀರೇರಿ ಅವಳ ಗೂಡು ಮುಳುಗಿ, ಏಳು ಮೊಟ್ಟೆಗಳೂ ತೇಲಿಹೋಗಿದ್ದವು. ಆ ಎತ್ತರದ ಮೆಳೆ ಸಿಕ್ಕಿದರೆ ಮರಿಗಳು ಬದುಕಿಯಾವು.

ಅವಳು ನೆರೆಮನೆಯ ಕಪ್ಪೆ ಗುಂಡಣ್ಣನ ಬಳಿಗೆ ಓಡಿದಳು.

"ಬರೆಯೋದಕ್ಕೇನಂತೆ ಅಕ್ಕ, ಐದು ವರ್ಷ ಅಂತ ಬರೆದು ಕಾಲಿನ ಮುದ್ರೆ ಒತ್ತಿಬಿಡ್ತೀನಿ," ಎಂದ ಗುಂಡಣ್ಣ.

ಸಂಕಮ್ಮ ಬೆರಳು ಮಡಿಸಿ ಲೆಕ್ಕ ಹಾಕಿದಳು. "ನಾಲ್ಕು ವರ್ಷ ಹತ್ತು ತಿಂಗಳು ಕಣೋ. ಅಷ್ಟೇ ಬರಿ."

"ಅಯ್ಯೋ, ಎರಡು ತಿಂಗಳು ಯಾರಿಗೆ ಕಾಣುತ್ತೆ?"

"ನಂಗೆ ಕಾಣುತ್ತಲ್ಲ!"

ಗುಂಡಣ್ಣ ಗೊಣಗುತ್ತಲೇ ಇದ್ದದ್ದನ್ನು ಇದ್ದಂತೆ ಬರೆದುಕೊಟ್ಟ.

ಸಂದರ್ಶನದ ದಿನ ಬಂದವರು ಇಬ್ಬರೇ. ಸಂಕಮ್ಮ ಒಬ್ಬಳು, ಇನ್ನೊಬ್ಬ ನರಿ ಜಂಬಣ್ಣ. ದೂರದ ಕಾಡಿನ ಕೆರೆಯನ್ನು ಏಳು ವರ್ಷ ಕಾದಿದ್ದಾನೆಂದು ಅವನ ಸೋದರಮಾವನೇ ಪತ್ರ ಬರೆದಿದ್ದ. ಗುಮಾಸ್ತ ಕೊಕ್ಕರೆ ಎರಡೂ ಪತ್ರ ಓದಿ, "ಅಮ್ಮಾ, ನರಿಯದು ಸರಿಯಿದೆ. ನೀರುಕೋಳಿಯದು ಎರಡು ತಿಂಗಳು ಕಡಿಮೆ," ಎಂದಿತು.

"ಕಾಗದ ಇರಲಿ. ಏರಿಯ ಮೇಲೆ ಹೋಗೋಣ ನಡೀರಿ," ಎಂದಳು ಆನೆಯಮ್ಮ.

ಜಂಬಣ್ಣ ನೀರಿನ ಕಡೆಯೇ ನೋಡುತ್ತ ಎದೆಯುಬ್ಬಿಸಿ ನಡೆದ. ಸಂಕಮ್ಮ ಮಾತ್ರ ಏರಿಯ ಹೊರಮಗ್ಗುಲಿಗೆ ಇಳಿದಳು. ಅಲ್ಲೊಂದು ಕಡೆ ಹುಲ್ಲು ಒದ್ದೆಯಾಗಿತ್ತು.

"ಅಮ್ಮಾ, ಇಲ್ಲಿ ಏಡಿ ತೂತು ಬಿದ್ದಿದೆ!"

ಜಂಬಣ್ಣ ನಕ್ಕ. "ತೂತಂತೆ ತೂತು! ಯಾವುದೋ ಎಮ್ಮೆ ಮೈ ಕೊಡವಿ ಹೋಗಿರಬೇಕು. ಏಳು ವರ್ಷದಲ್ಲಿ ನಾನೆಷ್ಟು ನೋಡಿಲ್ಲ!"

"ಜಿನುಗೋ ನೀರು ತಿಳಿಯಾಗಿದ್ದರೆ ಭಯವಿಲ್ಲ ಅಣ್ಣ. ಇದು ಕೆಂಪಗಿದೆ. ಒಳಗಿನ ಮಣ್ಣು ಕರಗ್ತಿದೆ. ಕಾಲಿಡಬೇಡ!"

"ಏರಿ ಕಲ್ಲಿನಂತಿದೆ, ನೋಡಿಲ್ಲಿ!" ಎಂದು ಜಂಬಣ್ಣ ಕೆಳಗಿಳಿದು ಅಲ್ಲೇ ಧೊಪ್ಪನೆ ಹೆಜ್ಜೆಯಿಟ್ಟ. ಕಾಲು ತೊಡೆಯವರೆಗೆ ಕುಸಿಯಿತು. ಆನೆಯಮ್ಮ ಸೊಂಡಿಲಿನಿಂದ ಎಳೆದು ಹಾಕಿದ್ದೇ ತಡ, ಅವನು ಕೆಸರು ಮೆತ್ತಿದ ಬಾಲ ಮಡಚಿಕೊಂಡು, ಪತ್ರವನ್ನೂ ಬಿಟ್ಟು ಓಟ ಕಿತ್ತ.

ಆನೆಯಮ್ಮ ಸಂಕಮ್ಮನ ಕಡೆ ತಿರುಗಿದಳು. "ಇಷ್ಟೆಲ್ಲ ಬಲ್ಲವಳು ನೀನು. ಐದು ಅಂತ ಯಾಕೆ ಬರೆಸಲಿಲ್ಲ?"

"ಆ ಎರಡು ತಿಂಗಳು ನಾನಿನ್ನೂ ನಡೆದಿಲ್ಲವಲ್ಲ ಅಮ್ಮ."

ಕೊಕ್ಕರೆ ತಲೆ ತಗ್ಗಿಸಿತು. "ಆದರೂ ನಿಯಮ ನಿಯಮವೇ..."

"ಹೌದು. ಒಬ್ಬರಿಗಾಗಿ ಮುರಿದರೆ ನಾಳೆ ಇನ್ನೊಬ್ಬ ನರಿ ಬರುತ್ತಾನೆ," ಎಂದಳು ಆನೆಯಮ್ಮ. "ಹುದ್ದೆ ಖಾಲಿಯೇ ಇರಲಿ. ಮತ್ತೆ ಡಂಗುರ ಹೊಡೆಸು. ಅರ್ಜಿಗೆ ಕೊನೆಯ ದಿನ, ಇವತ್ತಿಗೆ ಎರಡು ತಿಂಗಳು!"

ಸಂಕಮ್ಮನಿಗೆ ಅದೆಲ್ಲ ಕೇಳಿಸಿತೋ ಇಲ್ಲವೋ. ಅವಳು ಆಗಲೇ ಕೊಕ್ಕಿನ ತುಂಬ ಜೇಡಿಮಣ್ಣು ತಂದು ತೂತು ಮುಚ್ಚುತ್ತಿದ್ದಳು. ಎಂಥ ಜೀವ ನೋಡಿ ಮಕ್ಕಳೇ! ಕೆಲಸ ಸಿಗಲಿಲ್ಲವೆಂದು ಕೆಲಸ ಬಿಡಲಿಲ್ಲ. ಅದನ್ನು ಕಂಡು, ಕಾಗದವಲ್ಲದೆ ಬೇರೇನೂ ಎತ್ತದ ಕೊಕ್ಕರೆಯೂ ಒಂದು ಕೊಕ್ಕು ಮಣ್ಣು ತಂದು ಹಾಕಿತು.

ಎರಡು ತಿಂಗಳು ಕಳೆದವು. ಗುಂಡಣ್ಣ ಈ ಸಲ ನಗುನಗುತ್ತ ಕಾಲೊತ್ತಿದ: "ಐದು ವರ್ಷ. ಒಂದು ದಿನವೂ ಕಡಿಮೆಯಿಲ್ಲ."

ಆ ವರ್ಷ ಮಳೆ ಎಡೆಬಿಡದೆ ಸುರಿಯಿತು. ಏರಿ ಜಗ್ಗಲಿಲ್ಲ. ಕೇದಗೆ ಮೆಳೆಯಲ್ಲಿ ಸಂಕಮ್ಮನ ಏಳು ಮರಿಗಳು ಬೆಚ್ಚಗೆ ಕಣ್ಣು ಬಿಟ್ಟವು.

ನೀತಿ: ದುಡಿದಷ್ಟನ್ನೇ ದುಡಿದೆನೆನ್ನುವವರ ಅನುಭವವೇ ನಿಜವಾದ ಅನುಭವ, ಕಾಗದದಲ್ಲಿ ಬೆಳೆಸಿದ ವರ್ಷಗಳು ಕೆಲಸಕ್ಕೆ ನಿಂತಾಗ ಕುಸಿಯುತ್ತವೆ.